ತರಕಾರಿ ರೋಸ್ಟ್ ಮಾಡಲು ಹೊರಟರೆ ಪಲ್ಯ ಯಾಕೆ ಆಗುತ್ತದೆ?

ಗುಳ್ಳ (ನಮ್ಮ ಕಡೆಯ ಉರುಟು ಬದನೆ), ಬೆಂಡೆ, ಚೀನಿಕಾಯಿ (ಸಿಹಿಕುಂಬಳ) ಹೋಳು ಮಾಡಿ, ಉಪ್ಪು ಖಾರ ಎಣ್ಣೆ ಸವರಿ ಕಾವಲಿಗೆ ಹಾಕುತ್ತೇವೆ. ಅಂಚು ಕೆಂಪಗಾಗಿ, ಒಳಗೆ ಮೆತ್ತಗಾಗಿ, ಗಂಜಿಗೆ ನೆಂಚಿಕೊಳ್ಳಲು ಒಂದು ಒಳ್ಳೆಯ ರೋಸ್ಟ್ ಆಗಲಿ ಎಂಬ ಆಸೆ. ಹತ್ತು ನಿಮಿಷ ಬಿಟ್ಟು ನೋಡಿದರೆ ಕಾವಲಿ ತುಂಬ ನೀರು. ಬೆಂಡೆ ಲೋಳೆ ಲೋಳೆ. ಗುಳ್ಳ ಮುದ್ದೆ. ಚೀನಿಕಾಯಿ ಅರ್ಧ ಬೆಂದು ಅರ್ಧ ಕರಗಿದೆ. ತಿನ್ನಲು ಅಡ್ಡಿಯಿಲ್ಲ, ರುಚಿಯೂ ಕೆಟ್ಟಿಲ್ಲ. ಆದರೆ ಅದು ಪಲ್ಯ, ರೋಸ್ಟ್ ಅಲ್ಲ.

ತಪ್ಪು ಮಸಾಲೆಯಲ್ಲಿಲ್ಲ, ಕೈಗುಣದಲ್ಲೂ ಇಲ್ಲ. ನೀರಿನಲ್ಲಿದೆ. ರೋಸ್ಟ್ ಮಾಡುವುದೆಂದರೆ ತರಕಾರಿಯ ಮೈಮೇಲಿನ ನೀರನ್ನು ಬೇಗ ಓಡಿಸುವ ಕೆಲಸ, ಅಷ್ಟೇ. ಕಾವಲಿ ಚೆನ್ನಾಗಿ ಕಾಯಬೇಕು, ತುಂಬ ಹೋಳು ಹಾಕಬಾರದು, ಕೆದಕುತ್ತಾ ಇರಬಾರದು, ಹುಳಿ ಮೊದಲೇ ಹಾಕಬಾರದು ಎಂದೆಲ್ಲ ಹೇಳುತ್ತಾರಲ್ಲ, ಆ ಮಾತುಗಳ ಬೇರು ಇದೊಂದೇ. ಅದು ಅರ್ಥವಾದರೆ ಅಳತೆ ಬರೆದಿಟ್ಟುಕೊಳ್ಳುವ ಅಗತ್ಯವೂ ಇಲ್ಲ. ಯಾವ ತರಕಾರಿ ಕೈಗೆ ಸಿಕ್ಕರೂ ಏನು ಮಾಡಬೇಕೆಂದು ತಾನಾಗಿ ಹೊಳೆಯುತ್ತದೆ.

ಬೇಸಿಗೆಯಲ್ಲಿ ಇದನ್ನು ಕಲಿತುಕೊಳ್ಳುವುದು ನಮ್ಮ ಮಂಗಳೂರು, ಉಡುಪಿ ಕಡೆಯವರಿಗೆ ತುಂಬ ಉಪಯೋಗ. ಗದ್ದೆ ಕೊಯ್ಲಾದ ಮೇಲೆ ನೀರಿನ ಅನುಕೂಲ ಇದ್ದವರು ಅದೇ ಗದ್ದೆಯಲ್ಲಿ ತರಕಾರಿ ಹಾಕುತ್ತಾರೆ. ಅಲಸಂಡೆ, ಬೆಂಡೆ, ಸೌತೆ, ಹರಿವೆ, ಹಾಗಲ, ಚೀನಿಕಾಯಿ ಎಲ್ಲ ಒಟ್ಟಿಗೆ ಮಾರುಕಟ್ಟೆಗೆ ಬರುವ ಕಾಲ ಇದು. ಇತ್ತ ಏಪ್ರಿಲ್, ಮೇ ತಿಂಗಳ ಸೆಕೆಯಲ್ಲಿ ತೆಂಗಿನಕಾಯಿ ಅರೆದು, ಹುಳಿ (ಸಾಂಬಾರು) ಕುದಿಸಿ, ಒಲೆಯ ಮುಂದೆ ಒಂದು ಗಂಟೆ ನಿಲ್ಲಲು ಯಾರಿಗೂ ಮನಸ್ಸು ಬರುವುದಿಲ್ಲ. ಕುಚ್ಚಲಕ್ಕಿ ಗಂಜಿ, ಒಂದು ತಂಬುಳಿ, ಪಕ್ಕದಲ್ಲಿ ಹುರಿದ ತರಕಾರಿ. ಮಧ್ಯಾಹ್ನಕ್ಕೆ ಇಷ್ಟಿದ್ದರೆ ಸಾಕಲ್ವಾ?

ನೀರು ಇರುವವರೆಗೆ ಕೆಂಪಾಗುವುದಿಲ್ಲ

ಬದನೆ ಜಾತಿಯ ಕಾಯಿಗಳಲ್ಲಿ ನೂರಕ್ಕೆ 92ರಷ್ಟು ನೀರೇ. ಚೀನಿಕಾಯಿಯಲ್ಲೂ ಹತ್ತಿರ ಹತ್ತಿರ ಅಷ್ಟೇ. ಬೆಂಡೆಯಲ್ಲಿ ಸುಮಾರು 90. ಸೌತೆಯಲ್ಲಿ 95. ಕಾಯಿ ಗಟ್ಟಿಯಾಗಿ ಕಂಡರೂ ನಾವು ಕಾವಲಿಗೆ ಹಾಕುತ್ತಿರುವುದು ಹೆಚ್ಚುಕಮ್ಮಿ ನೀರನ್ನೇ.

ನೀರು 100 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕುದಿಯುತ್ತದೆ. ಕಾವಲಿ 200 ಡಿಗ್ರಿ ಕಾದಿರಲಿ, 250 ಕಾದಿರಲಿ, ಹೋಳಿನ ಮೈ ಒದ್ದೆಯಾಗಿರುವಷ್ಟು ಹೊತ್ತು ಆ ಮೈಯ ಬಿಸಿ 100ರ ಆಸುಪಾಸಿನಲ್ಲೇ ನಿಂತಿರುತ್ತದೆ. ನಾವು ಕೊಟ್ಟ ಬೆಂಕಿಯೆಲ್ಲ ನೀರನ್ನು ಆವಿ ಮಾಡುವುದಕ್ಕೇ ಹೋಗುತ್ತದೆ. ಅದೂ ಸ್ವಲ್ಪ ಸ್ವಲ್ಪ ಅಲ್ಲ. 1 ಗ್ರಾಂ ನೀರನ್ನು 30 ಡಿಗ್ರಿಯಿಂದ 100 ಡಿಗ್ರಿಗೆ ಏರಿಸಲು 70 ಕ್ಯಾಲೊರಿ ಶಾಖ ಬೇಕು. ಕುದಿಯುತ್ತಿರುವ ಅದೇ 1 ಗ್ರಾಂ ನೀರು ಆವಿಯಾಗಿ ಹೋಗಲು 540 ಕ್ಯಾಲೊರಿ ಬೇಕು. ಹತ್ತಿರ ಹತ್ತಿರ ಎಂಟು ಪಾಲು! ತೊಳೆದ ತರಕಾರಿಯ ಮೇಲೆ ಉಳಿದ ಎರಡು ಚಮಚ ನೀರು ಏನು ಮಹಾ ಅಂತ ಅನ್ನಿಸಬಹುದು. ಆ ಎರಡು ಚಮಚ ಒಣಗುವಷ್ಟರಲ್ಲಿ ಕಾವಲಿಯ ಬಿಸಿ ಇಳಿದುಹೋಗಿರುತ್ತದೆ.

ಇನ್ನು ಕೆಂಪಾಗುವ ವಿಷಯ. ಹುರಿದಾಗ ಬರುವ ಬಣ್ಣ, ಪರಿಮಳ, ಸ್ವಲ್ಪ ಸಿಹಿ ಸ್ವಲ್ಪ ಕಹಿ ಸೇರಿದ ಆ ರುಚಿ ಬರುವುದು ತರಕಾರಿಯೊಳಗಿನ ಸಕ್ಕರೆ ಅಂಶ ಮತ್ತು ಅಮೈನೊ ಆಮ್ಲಗಳು ಬಿಸಿಯಲ್ಲಿ ಸೇರಿಕೊಂಡಾಗ. 1912ರಲ್ಲಿ ಫ್ರಾನ್ಸಿನ ಲೂಯಿ ಕಮೀಲ್ ಮಯಾರ್ ಎಂಬ ವಿಜ್ಞಾನಿ ಇದನ್ನು ಮೊದಲು ವಿವರಿಸಿದ್ದರಿಂದ ಅದಕ್ಕೆ ಮಯಾರ್ ಕ್ರಿಯೆ ಎಂದೇ ಹೆಸರು. ಅಡುಗೆಮನೆಯಲ್ಲಿ ಅದು ಚುರುಕಾಗುವುದು ಸುಮಾರು 140 ಡಿಗ್ರಿ ದಾಟಿದ ಮೇಲೆ. ದೋಸೆಯ ಕೆಂಪು, ಹುರಿದ ಕಾಫಿ ಬೀಜದ ಪರಿಮಳ, ತುಪ್ಪದಲ್ಲಿ ಹುರಿದ ಗೋಡಂಬಿಯ ಬಣ್ಣ, ಎಲ್ಲದರಲ್ಲೂ ಇದರ ಪಾಲು ಇದೆ.

ಆದರೆ ತರಕಾರಿ ಮೆತ್ತಗಾಗಲು ಅಷ್ಟು ಬಿಸಿ ಬೇಡ. ಕಾಯಿಯ ಕಣಗಳನ್ನು ಒಂದಕ್ಕೊಂದು ಅಂಟಿಸಿಟ್ಟಿರುವ ಪೆಕ್ಟಿನ್ 85 ಡಿಗ್ರಿ ದಾಟಿದರೆ ಸಡಿಲವಾಗತೊಡಗುತ್ತದೆ. ಮೆತ್ತಗಾಗುವುದು ಕೆಳಗಿನ ಬಿಸಿಯಲ್ಲಿ, ಕೆಂಪಾಗುವುದು ಮೇಲಿನ ಬಿಸಿಯಲ್ಲಿ. ನೀರು ನಡುವೆ ನಿಂತು 100 ಡಿಗ್ರಿಯಲ್ಲೇ ಹಿಡಿದಿಟ್ಟರೆ ಹೋಳು ಮೆತ್ತಗಾಗುತ್ತಾ ಹೋಗುತ್ತದೆ, ಕೆಂಪಾಗುವುದೇ ಇಲ್ಲ. ಕೊನೆಗೆ ನೀರು ಆರಿ ಕೆಂಪಾಗುವ ಹೊತ್ತಿಗೆ ಒಳಗೆ ಮುದ್ದೆಯಾಗಿರುತ್ತದೆ. ರೋಸ್ಟ್ ಕೈಕೊಡುವುದು ಇಲ್ಲಿ. ಒಳಗೆ ಬೇಯುವುದೂ ಹೊರಗೆ ಕೆಂಪಾಗುವುದೂ ಒಟ್ಟಿಗೆ ಮುಗಿಯುವ ಹಾಗೆ ನೋಡಿಕೊಳ್ಳಬೇಕು.

ಮೊದಲು ಬೈರಾಸು, ಆಮೇಲೆ ಎಣ್ಣೆ

ಕರಾವಳಿಯ ಬೇಸಿಗೆಯಲ್ಲಿ ಗಾಳಿಯೇ ಒದ್ದೆ. ಬೆವರು ಆರುವುದಿಲ್ಲ, ಬಟ್ಟೆಯೂ ನಿಧಾನಕ್ಕೆ ಒಣಗುತ್ತದೆ. ತೊಳೆದು ಬುಟ್ಟಿಯಲ್ಲಿಟ್ಟ ತರಕಾರಿಯೂ ಹಾಗೆಯೇ. ಬಯಲುಸೀಮೆಯಲ್ಲಾದರೆ ಅರ್ಧ ಗಂಟೆಯಲ್ಲಿ ಒಣಗುವ ಬೆಂಡೆ ಇಲ್ಲಿ ಒಂದು ಗಂಟೆ ಆದರೂ ತೊಟ್ಟಿನ ಹತ್ತಿರ ಒದ್ದೆಯಾಗಿರುತ್ತದೆ. ಆದ್ದರಿಂದ ಒಣಗಲಿ ಎಂದು ಕಾಯುವುದಕ್ಕಿಂತ ಒಂದು ಹಳೆಯ ಹತ್ತಿ ಬೈರಾಸಿನಲ್ಲಿ (ಟವೆಲಿನಲ್ಲಿ) ಒಂದೊಂದೇ ಕಾಯಿ ಒರೆಸುವುದು ಒಳ್ಳೆಯದು. ಎರಡು ನಿಮಿಷದ ಕೆಲಸ. ರೋಸ್ಟಿನ ಅರ್ಧ ಗೆಲುವು ಈ ಎರಡು ನಿಮಿಷದಲ್ಲಿದೆ ಎಂದು ನಾನು ನಂಬಿದ್ದೇನೆ.

ಫ್ರಿಜ್ಜಿನಿಂದ ತೆಗೆದ ತರಕಾರಿಗೆ ಇದು ಇನ್ನೂ ಮುಖ್ಯ. ಹೊರಗೆ ತೆಗೆದ ಕೂಡಲೇ ಗಾಳಿಯ ತೇವ ಅದರ ಮೇಲೆ ಕೂರುತ್ತದೆ, ತಣ್ಣನೆಯ ಚೊಂಬಿನ ಮೇಲೆ ಹನಿ ಕೂತ ಹಾಗೆ. ಅರ್ಧ ಗಂಟೆ ಹೊರಗಿಟ್ಟು, ಒರೆಸಿ, ಆಮೇಲೆ ಹೆಚ್ಚಿ.

ಎಣ್ಣೆ ಹಾಕುವುದು ರುಚಿಗೆ ಮಾತ್ರ ಅಲ್ಲ. ಹೋಳಿನ ಮೈ ನಮಗೆ ಕಾಣುವಷ್ಟು ನಯವಾಗಿರುವುದಿಲ್ಲ. ಕಾವಲಿಗೂ ಹೋಳಿಗೂ ನಡುವೆ ಸಣ್ಣ ಸಣ್ಣ ಸಂದು ಇರುತ್ತದೆ, ಅದರಲ್ಲಿ ಗಾಳಿ ಇರುತ್ತದೆ. ಗಾಳಿಗೆ ಬಿಸಿ ದಾಟಿಸುವ ಶಕ್ತಿ ತೀರಾ ಕಡಿಮೆ. ಆ ಸಂದನ್ನು ಎಣ್ಣೆ ತುಂಬುತ್ತದೆ, ಬಿಸಿ ಎಲ್ಲ ಕಡೆಗೂ ಸಮನಾಗಿ ತಾಗುತ್ತದೆ. ಎಣ್ಣೆ ತೀರಾ ಕಡಿಮೆಯಾದರೆ ಅಲ್ಲಲ್ಲಿ ಕಪ್ಪು ಚುಕ್ಕೆ, ಉಳಿದ ಕಡೆ ಬಿಳಿಚಿದ ಹೋಳು. ಎಣ್ಣೆಯನ್ನು ಕಾವಲಿಗೆ ಸುರಿಯುವುದಕ್ಕಿಂತ ಪಾತ್ರೆಯಲ್ಲಿ ಹೋಳುಗಳಿಗೆ ಕೈಯಿಂದ ಸವರುವುದು ಲೇಸು. ಕಡಿಮೆ ಎಣ್ಣೆಯಲ್ಲಿ ಎಲ್ಲದಕ್ಕೂ ತಾಗುತ್ತದೆ.

ನಮ್ಮಲ್ಲಿ ಗಾಣದ ತೆಂಗಿನೆಣ್ಣೆಯೇ ಮೊದಲ ಆಯ್ಕೆ. ಆ ಪರಿಮಳ ಬೇರೆ ಎಣ್ಣೆಗೆ ಬರುವುದಿಲ್ಲ. ಆದರೆ ಶುದ್ಧೀಕರಿಸದ ತೆಂಗಿನೆಣ್ಣೆ ಸುಮಾರು 175 ಡಿಗ್ರಿಯಲ್ಲೇ ಹೊಗೆ ಬಿಡಲು ಶುರುಮಾಡುತ್ತದೆ. 140ರಿಂದ 175ರ ನಡುವೆ ನಮಗೆ ಸಿಗುವುದು ಒಂದು ಸಣ್ಣ ದಾರಿ. ಆ ದಾರಿಯಲ್ಲಿ ಇದ್ದೇವೆಯೇ ಎಂದು ತಿಳಿಯಲು ಥರ್ಮಾಮೀಟರ್ ಬೇಡ, ದೋಸೆ ಹೊಯ್ಯುವ ಮುಂಚೆ ಮಾಡುವ ಪರೀಕ್ಷೆಯೇ ಸಾಕು. ಒಣ ಕಾವಲಿಗೆ ನಾಲ್ಕು ಹನಿ ನೀರು ಚಿಮುಕಿಸಿ. ಹನಿ ಕೂತು ನಿಧಾನ ಗುಳ್ಳೆ ಎಬ್ಬಿಸಿದರೆ ಕಾವಲಿ ಇನ್ನೂ ಕಾದಿಲ್ಲ. ಚುಂಯ್ ಎಂದು ಒಂದೆರಡು ಕ್ಷಣದಲ್ಲಿ ಮಾಯವಾದರೆ ಸರಿ. ಹನಿ ಮಣಿಯ ಹಾಗೆ ಉರುಟಾಗಿ ಆಚೀಚೆ ಓಡಾಡಿದರೆ ಬಿಸಿ ಜಾಸ್ತಿಯಾಯಿತು, ಸುಮಾರು 200 ಡಿಗ್ರಿಯ ಹತ್ತಿರ ಹೋಗಿದೆ. ಆಗ ಹನಿಯ ಅಡಿಯಲ್ಲೇ ಒಂದು ಪದರ ಆವಿ ಹುಟ್ಟಿ ಅದನ್ನು ಎತ್ತಿ ಹಿಡಿದಿರುತ್ತದೆ. ಜರ್ಮನಿಯ ಲೈಡನ್‌ಫ್ರಾಸ್ಟ್ ಎಂಬ ವೈದ್ಯ 1756ರಲ್ಲಿ ಇದರ ಬಗ್ಗೆ ಬರೆದಿದ್ದಾನೆ. ನೀರು ಕುಣಿಯುವುದನ್ನು ಕಂಡರೆ ಉರಿ ಇಳಿಸಿ ಒಂದು ನಿಮಿಷ ಬಿಡಿ, ಆಮೇಲೆ ಹೋಳು ಇಡಿ.

ಕಾವಲಿ ಯಾವುದು? ದಪ್ಪ ತಳದ ಕಬ್ಬಿಣದ್ದು. ದಪ್ಪ ಕಬ್ಬಿಣ ಬಿಸಿಯನ್ನು ಹೊತ್ತುಕೊಂಡಿರುತ್ತದೆ, ತಣ್ಣನೆಯ ಹೋಳು ಬಿದ್ದರೂ ಕೂಡಲೇ ಆರುವುದಿಲ್ಲ. ತೆಳು ಅಲ್ಯೂಮಿನಿಯಂ ಬಾಣಲೆ ಹೋಳು ಬಿದ್ದ ಕೂಡಲೇ ಸೋತುಬಿಡುತ್ತದೆ. ದೋಸೆ ಕಾವಲಿಯನ್ನು ಮಾತ್ರ ಮುಟ್ಟಬೇಡಿ. ಅದನ್ನು ದೋಸೆಗೆ ಮಾತ್ರ ಇಟ್ಟುಕೊಳ್ಳಬೇಕು ಎನ್ನುವ ಮನೆಯ ಹಿರಿಯರ ಮಾತು ಸರಿಯೇ. ಉಪ್ಪು, ಖಾರ, ಹುಳಿ ತಾಗಿದ ಕಾವಲಿಯಿಂದ ಮರುದಿನ ದೋಸೆ ಏಳುವುದಿಲ್ಲ. ಚಪಾತಿ ಕಾವಲಿಯೋ ಮೀನು ಹುರಿಯದ ಇನ್ನೊಂದು ಅಗಲ ಕಾವಲಿಯೋ ಇದ್ದರೆ ಅದು ಸಾಕು. ನಾನ್‌ಸ್ಟಿಕ್ ಇದ್ದರೆ ಮಧ್ಯಮ ಉರಿ ದಾಟಬೇಡಿ, ಖಾಲಿ ಕಾಯಿಸಲೂ ಬೇಡಿ. ಅದರ ಲೇಪ 260 ಡಿಗ್ರಿ ದಾಟಿದರೆ ಕೆಡಲು ಶುರುವಾಗುತ್ತದೆ.

ಹೋಳುಗಳ ನಡುವೆ ಜಾಗ

ಹೆಚ್ಚಿನವರು ಸೋಲುವುದು ಇಲ್ಲಿ. ನಾಲ್ಕು ಜನಕ್ಕೆ ಬೇಕಾದಷ್ಟನ್ನು ಒಂದೇ ಸಲ ಕಾವಲಿಗೆ ಸುರಿಯುತ್ತೇವೆ. ಗ್ಯಾಸ್ ಉಳಿಯಲಿ ಎಂಬ ಯೋಚನೆ. ಆದರೆ ಒಂದರ ಮೇಲೊಂದು ಬಿದ್ದ ಹೋಳುಗಳ ಆವಿ ಹೊರಗೆ ಹೋಗಲು ದಾರಿ ಇರುವುದಿಲ್ಲ. ಅಡಿಯ ಹೋಳಿನ ಆವಿ ಮೇಲಿನ ಹೋಳಿಗೆ ತಾಗಿ ಮತ್ತೆ ನೀರಾಗುತ್ತದೆ. ಮುಚ್ಚಳ ಇಲ್ಲದಿದ್ದರೂ ಮುಚ್ಚಿ ಬೇಯಿಸಿದ ಹಾಗೆಯೇ. ಹೋಳು ಹೋಳಿನ ನಡುವೆ ಒಂದು ಬೆರಳು ಜಾಗ ಇರಲಿ. ಎರಡು ಮೂರು ಸರ್ತಿ ಹಾಕಬೇಕಾದೀತು, ಹಾಕಿ. ಗುಡ್ಡೆ ಹಾಕಿ ಇಪ್ಪತ್ತೈದು ನಿಮಿಷ ಕೆದಕುವುದಕ್ಕಿಂತ ಎರಡು ಸರ್ತಿ ಎಂಟೆಂಟು ನಿಮಿಷ ಹುರಿಯುವುದರಲ್ಲಿ ಗ್ಯಾಸೂ ಕಡಿಮೆ ಸಾಕು.

ಇಟ್ಟ ಮೇಲೆ ಕೈ ಕಟ್ಟಿ ನಿಲ್ಲಬೇಕು. ಇದು ಕಷ್ಟ, ಗೊತ್ತು. ಪಲ್ಯ ಮಾಡಿ ರೂಢಿಯಾದ ಕೈ ಸುಮ್ನೆ ಇರುವುದಿಲ್ಲ. ಗುಳ್ಳದ ಒಂದು ಬಿಲ್ಲೆ ಇಟ್ಟು ನೋಡಿ. ಮೊದಲ ನಿಮಿಷ ಜೋರು ಸದ್ದು. ಬಿಲ್ಲೆಯ ಸುತ್ತ ಸಣ್ಣ ಗುಳ್ಳೆಗಳ ಒಂದು ಉಂಗುರ ಕಾಣುತ್ತದೆ, ಅದು ಹೊರಗೆ ಬರುತ್ತಿರುವ ನೀರು. ಬಿಳಿ ತಿರುಳು ಅಂಚಿನಿಂದ ಒಳಕ್ಕೆ ಒದ್ದೆಯಾದ ಕಾಗದದ ಬಣ್ಣಕ್ಕೆ ತಿರುಗುತ್ತದೆ. ಈಗ ಸಟ್ಟುಗ ಹಾಕಿದರೆ ಬಿಲ್ಲೆ ಅಂಟಿ ಹರಿಯುತ್ತದೆ. ಮೂರ್ನಾಲ್ಕು ನಿಮಿಷಕ್ಕೆ ಗುಳ್ಳೆ ಕಡಿಮೆಯಾಗುತ್ತದೆ, ಸದ್ದು ಸಣ್ಣದಾಗಿ ಚಟಪಟ ಎನ್ನುತ್ತದೆ, ಹಸಿ ವಾಸನೆ ಹೋಗಿ ಹುರಿದ ಪರಿಮಳ ಬರುತ್ತದೆ. ಈಗ ಸಟ್ಟುಗದ ಅಂಚು ತಾಗಿಸಿದರೆ ಸಾಕು, ಬಿಲ್ಲೆ ತಾನೇ ಜಾರುತ್ತದೆ. ಕೆಂಪು ಪದರ ಕಟ್ಟಿದ ಮೇಲೆ ಕಾವಲಿಯ ಹಿಡಿತ ಬಿಡುತ್ತದೆ. ಹಾಗಾಗಿ ಮಗುಚುವ ಹೊತ್ತನ್ನು ಗಡಿಯಾರ ನೋಡಿ ತೀರ್ಮಾನಿಸಬೇಡಿ, ಹೋಳು ಬಿಡುತ್ತದೆಯೇ ನೋಡಿ. ಒಂದೇ ಸಲ ಮಗುಚಿ. ಎರಡನೇ ಬದಿಗೆ ಮೊದಲನೆಯದರ ಅರ್ಧ ಸಮಯ ಸಾಕಾಗುತ್ತದೆ.

ಗುಳ್ಳದ ಸಮಾಚಾರ

ಬೇಸಿಗೆ ರೋಸ್ಟಿಗೆ ನಮ್ಮಲ್ಲಿ ಗುಳ್ಳದಷ್ಟು ಒಳ್ಳೆಯ ಕಾಯಿ ಇನ್ನೊಂದಿಲ್ಲ. ಕಟಪಾಡಿ ಪಕ್ಕದ ಮಟ್ಟು ಊರಿನ ಗುಳ್ಳಕ್ಕೆ 2011ರಲ್ಲಿ ಜಿಐ (ಭೌಗೋಳಿಕ ಸೂಚಕ) ಮಾನ್ಯತೆ ಸಿಕ್ಕಿದೆ. ಸೋದೆ ಮಠದ ವಾದಿರಾಜ ಸ್ವಾಮಿಗಳು ಮಟ್ಟುವಿನವರಿಗೆ ಇದರ ಬೀಜ ಕೊಟ್ಟರು ಎಂಬ ನಂಬಿಕೆ ಉಡುಪಿಯಲ್ಲಿ ಇಂದಿಗೂ ಇದೆ. ಉರುಟು ಕಾಯಿ, ತಿಳಿ ಹಸಿರು ಬಣ್ಣ, ತೊಟ್ಟಿನಲ್ಲಿ ಮುಳ್ಳು, ತೀರಾ ತೆಳು ಸಿಪ್ಪೆ. ಸಾಂಬಾರಿಗೆ ಹಾಕಿದರೆ ಕ್ಷಣದಲ್ಲಿ ಕರಗುತ್ತದೆ. ಕೊದ್ದೆಲಿನಲ್ಲಿ (ಕರಾವಳಿಯ ಸಾಂಬಾರಿನಲ್ಲಿ) ಅದನ್ನು ಮೆಚ್ಚುವುದೇ ಈ ಗುಣಕ್ಕೆ. ಆದರೆ ರೋಸ್ಟ್ ಮಾಡುವಾಗ ಇದೇ ಗುಣ ತೊಂದರೆ ಕೊಡುತ್ತದೆ. ನೀರು ಉಳಿದರೆ ನೇರಳೆ ಬದನೆಗಿಂತ ಬೇಗ ಮುದ್ದೆಯಾಗುತ್ತದೆ.

ಬದನೆಯ ತಿರುಳು ಸ್ಪಂಜಿನ ಹಾಗೆ. ಒಳಗೆಲ್ಲ ಗಾಳಿಯ ಗೂಡುಗಳು. ಹಸಿ ಬಿಲ್ಲೆಯನ್ನು ಎಣ್ಣೆಗೆ ಇಟ್ಟರೆ ಎಣ್ಣೆಯನ್ನೆಲ್ಲ ಹೀರಿ ಕಾವಲಿ ಒಣಗಿಸುತ್ತದೆ. ನಾವು ಇನ್ನೂ ಸ್ವಲ್ಪ ಹಾಕುತ್ತೇವೆ, ಅದನ್ನೂ ಹೀರುತ್ತದೆ. ಆಮೇಲೆ ಬಿಸಿಗೆ ಗೂಡು ಕುಸಿದಾಗ ಎಣ್ಣೆಯನ್ನೆಲ್ಲ ಹೊರಗೆ ಬಿಟ್ಟು ಬಿಲ್ಲೆ ಜಿಡ್ಡು ಜಿಡ್ಡಾಗುತ್ತದೆ. ಇದಕ್ಕೆ ಮದ್ದು ಉಪ್ಪು. ಒಂದು ಬೆರಳಿನಷ್ಟು ದಪ್ಪದ ಬಿಲ್ಲೆ ಮಾಡಿ, ಎರಡೂ ಬದಿಗೆ ಉಪ್ಪು ಸವರಿ ಇಪ್ಪತ್ತು ನಿಮಿಷ ಇಡಿ. ಮೈಮೇಲೆ ಮುತ್ತಿನಂಥ ಹನಿಗಳು ಏಳುತ್ತವೆ. ಉಪ್ಪು ಒಳಗಿನ ನೀರನ್ನು ಹೊರಗೆ ಎಳೆದಿದೆ, ಗೂಡುಗಳು ಅಷ್ಟರಮಟ್ಟಿಗೆ ಕುಸಿದಿವೆ. ಆ ನೀರನ್ನು ಬೈರಾಸಿನಲ್ಲಿ ಒತ್ತಿ ತೆಗೆಯಿರಿ. ಈಗ ಅರ್ಧದಷ್ಟು ಎಣ್ಣೆಯಲ್ಲೇ ಆಗುತ್ತದೆ.

ಇಲ್ಲಿ ಒಂದು ಗೊಂದಲ ಬರಬಹುದು. ಉಪ್ಪು ನೀರು ಎಳೆಯುತ್ತದೆ ಅಂದರೆ ಅದು ಒಳ್ಳೆಯದೋ ಕೆಟ್ಟದೋ? ಎಳೆದ ನೀರನ್ನು ಒರೆಸಿದರೆ ಒಳ್ಳೆಯದು. ಒರೆಸದೆ ಕಾವಲಿಗೆ ಹಾಕಿದರೆ ಕೆಟ್ಟದು. ಬೆಂಡೆಗೆ, ಅಲಸಂಡೆಗೆ ಉಪ್ಪು ಹಚ್ಚಿ ಹತ್ತು ನಿಮಿಷ ಮರೆತರೆ ಪಾತ್ರೆಯ ತಳದಲ್ಲಿ ನೀರು ನಿಂತಿರುತ್ತದೆ. ಅಂಥವಕ್ಕೆ ಹುರಿದು ಇಳಿಸಿದ ಮೇಲೆ ಉಪ್ಪು ಉದುರಿಸಿ.

ಗುಳ್ಳ ಹೆಚ್ಚಿದ ಕೂಡಲೇ ನೀರಿಗೆ ಹಾಕುವುದು ನಮ್ಮೆಲ್ಲರ ರೂಢಿ. ಕೊಯ್ದ ಜಾಗಕ್ಕೆ ಗಾಳಿ ತಾಗಿದರೆ ಕಿಣ್ವಗಳ ಕೆಲಸದಿಂದ ಕಂದಾಗುತ್ತದೆ, ಅದನ್ನು ತಡೆಯಲು. ಹುಳಿಗಾದರೆ ಸರಿ. ರೋಸ್ಟಿಗೆ ನೀರಿನಲ್ಲಿ ಹಾಕಲೇಬೇಡಿ. ಹೇಗೂ ಹುರಿದು ಕೆಂಪು ಮಾಡುವ ಕಾಯಿ, ಸ್ವಲ್ಪ ಕಂದಾದರೆ ಯಾರಿಗೂ ಗೊತ್ತಾಗುವುದಿಲ್ಲ.

ಉಳಿದ ತರಕಾರಿಗಳು

ಬೆಂಡೆಯಲ್ಲಿ ಉದ್ದದ ಬಿಳಿ ಬೆಂಡೆ, ನಾವು ಹಾಲು ಬೆಂಡೆ ಎನ್ನುವುದು, ಸಿಕ್ಕರೆ ಬಿಡಬೇಡಿ. ದಪ್ಪ ತಿರುಳು, ದೊಡ್ಡದಾದರೂ ನಾರು ಕಡಿಮೆ. ತುದಿ ಮುರಿದರೆ ಟಕ್ ಎನ್ನಬೇಕು. ಲೋಳೆ ಎಂದರೆ ನೀರು ಕುಡಿದು ಹಿಗ್ಗುವ ಒಂದು ಬಗೆಯ ಉದ್ದ ಸರಪಳಿಯ ಸಕ್ಕರೆ ಅಂಶ. ನೀರು ಇಲ್ಲದಿದ್ದರೆ ಅದರ ಆಟ ನಡೆಯುವುದಿಲ್ಲ. ಕತ್ತಿಯೂ ಮಣೆಯೂ ಒಣಗಿರಲಿ. ಉದ್ದಕ್ಕೆ ಎರಡು ಸೀಳು ಮಾಡಿ, ಸೀಳಿದ ಬದಿ ಕೆಳಗೆ ಬರುವಂತೆ ಇಡಿ. ಮುಚ್ಚಳ ಮಾತ್ರ ಮುಚ್ಚಬೇಡಿ.

ಚೀನಿಕಾಯಿ ಬೇಗ ಕೆಂಪಾಗುತ್ತದೆ, ಸಕ್ಕರೆ ಇರುವುದರಿಂದ. ಬೇಗ ಕರಿಯೂ ಆಗುತ್ತದೆ. ಸಿಪ್ಪೆ ಸಮೇತ ಹೆಚ್ಚಿದರೆ ಹೋಳು ಒಡೆಯುವುದಿಲ್ಲ. ಎಣ್ಣೆಯೊಂದಿಗೆ ತಿಂದರೆ ಅದರ ಬೀಟಾ ಕ್ಯಾರೊಟಿನ್ ನಮ್ಮ ಮೈಗೆ ಚೆನ್ನಾಗಿ ಹಿಡಿಯುತ್ತದೆ ಎಂಬುದೂ ಒಂದು ಲಾಭ. ತೊಂಡೆಕಾಯಿ ಗಟ್ಟಿ, ಉದ್ದಕ್ಕೆ ನಾಲ್ಕು ಸೀಳು ಮಾಡಿ ಎಲ್ಲಕ್ಕಿಂತ ಮೊದಲು ಹಾಕಬೇಕು. ಅಲಸಂಡೆ ಎರಡು ಇಂಚಿನ ತುಂಡು ಸಾಕು. ನೀರುಳ್ಳಿ ದಪ್ಪ ಬಿಲ್ಲೆ ಮಾಡಿ. ಸೌತೆಕಾಯಿಯನ್ನು ಮಾತ್ರ ಹುಳಿಗೇ ಬಿಡಿ. ಅಷ್ಟು ನೀರು ಹೊತ್ತ ಕಾಯಿಯನ್ನು ಹುರಿಯುವುದು ವ್ಯರ್ಥ.

ಜೀಗುಜ್ಜೆ (ಬ್ರೆಡ್‌ಫ್ರೂಟ್) ಬೇರೆಯೇ ಜಾತಿ. ಅದರಲ್ಲಿ ನೀರು ಸುಮಾರು 70 ಪಾಲು, ಉಳಿದದ್ದು ಹೆಚ್ಚಾಗಿ ಪಿಷ್ಟ. ಒಳಗೆ ಬೇಯಲು ಸಮಯ ಬೇಕು. ತೆಳು ಬಿಲ್ಲೆ ಮಾಡಿ, ಖಾರದ ಪುಡಿ, ಅರಸಿನ, ಉಪ್ಪು ಕಲಸಿದ ಪೇಸ್ಟ್ ಹಚ್ಚಿ, ಸಣ್ಣ ರವೆಯಲ್ಲಿ ಹೊರಳಿಸಿ ಕಾವಲಿಯಲ್ಲಿ ಹುರಿಯುವುದು ಮಂಗಳೂರಿನ ಕ್ರಮ. ರವೆ ಅಲ್ಲಿ ಮಾಡುವ ಕೆಲಸವೂ ಇದೇ. ಮೈಮೇಲಿನ ನೀರನ್ನು ತಾನು ಕುಡಿದು, ತಾನು ಒಣಗಿ, ತಾನು ಕೆಂಪಾಗುತ್ತದೆ. ಪಿಷ್ಟ ಇರುವ ಕಾಯಿಗಳನ್ನು ತುಂಬ ಕರಿ ಮಾಡಬೇಡಿ. 120 ಡಿಗ್ರಿ ದಾಟಿದ ಒಣ ಬಿಸಿಯಲ್ಲಿ ಇಂಥವುಗಳಲ್ಲಿ ಅಕ್ರಿಲಮೈಡ್ ಎಂಬ ಬೇಡದ ಪದಾರ್ಥ ಹುಟ್ಟುತ್ತದೆಂದು 2002ರಲ್ಲಿ ಸ್ವೀಡನ್ನಿನ ವಿಜ್ಞಾನಿಗಳು ಕಂಡುಕೊಂಡರು. ಕರಿಯಾದಷ್ಟೂ ಅದು ಜಾಸ್ತಿ. ಹೊಂಬಣ್ಣಕ್ಕೆ ಇಳಿಸಿದರೆ ರುಚಿಗೂ ಒಳ್ಳೆಯದು.

ಒಂದು ಮಧ್ಯಾಹ್ನದ ಅಳತೆ

ನಾಲ್ಕು ಜನಕ್ಕೆ ಎರಡು ಮಧ್ಯಮ ಗುಳ್ಳ, ಹತ್ತು ಬೆಂಡೆ, ಕಾಲು ಕಿಲೋ ಚೀನಿಕಾಯಿ, ಒಂದು ನೀರುಳ್ಳಿ. ಕಾವಲಿಗೆ ಎರಡೂವರೆ ದೊಡ್ಡ ಚಮಚ ತೆಂಗಿನೆಣ್ಣೆ, ಒಗ್ಗರಣೆಗೆ ಬೇರೆ ಒಂದು ಸಣ್ಣ ಚಮಚ. ಹಸಿಯಾಗಿ ನೋಡಿದರೆ ಜಾಸ್ತಿ ಅನ್ನಿಸುತ್ತದೆ, ನೀರು ಹೋದ ಮೇಲೆ ಅರ್ಧಕ್ಕಿಂತ ಸ್ವಲ್ಪ ಹೆಚ್ಚು ಉಳಿಯುತ್ತದೆ, ಅಷ್ಟೇ. ಮಸಾಲೆಗೆ ಮೂರು ಬ್ಯಾಡಗಿ ಮೆಣಸು, ಒಂದು ಚಮಚ ಕೊತ್ತಂಬರಿ, ಅರ್ಧ ಚಮಚ ಜೀರಿಗೆ, ನಾಲ್ಕು ಕಾಳು ಮೆಂತೆ ಒಣಗೇ ಹುರಿದು ಪುಡಿ ಮಾಡಿಟ್ಟುಕೊಳ್ಳಿ.

ಗುಳ್ಳಕ್ಕೆ ಉಪ್ಪು ಹಚ್ಚಿ ಇಡುವುದು ಮೊದಲ ಕೆಲಸ. ಅದು ನೀರು ಬಿಡುವ ಹೊತ್ತಿನಲ್ಲಿ ಚೀನಿಕಾಯಿ ಹುರಿದು ತೆಗೆಯಿರಿ. ಆಮೇಲೆ ಗುಳ್ಳ, ಆಮೇಲೆ ಬೆಂಡೆ ಮತ್ತು ನೀರುಳ್ಳಿ. ಆದದ್ದನ್ನು ಅಗಲ ತಟ್ಟೆಯಲ್ಲಿ ಹರಡಿಡಿ. ಪಾತ್ರೆಯಲ್ಲಿ ರಾಶಿ ಹಾಕಿ ಮುಚ್ಚಿದರೆ ತಮ್ಮದೇ ಆವಿಗೆ ಮತ್ತೆ ಮೆತ್ತಗಾಗುತ್ತವೆ. ಇಷ್ಟು ಕಷ್ಟಪಟ್ಟು ಓಡಿಸಿದ ನೀರನ್ನು ಮತ್ತೆ ಕರೆದ ಹಾಗಾಗುತ್ತದೆ.

ಎಲ್ಲ ಆದ ಮೇಲೆ ಉರಿ ಆರಿಸಿ, ಬಿಸಿ ಕಾವಲಿಗೆ ಎಲ್ಲವನ್ನೂ ಮರಳಿ ಹಾಕಿ, ಮಸಾಲೆ ಪುಡಿ ಉದುರಿಸಿ ಒಮ್ಮೆ ಮೆಲ್ಲಗೆ ಮಗುಚಿ. ಪುಡಿಯನ್ನು ಮೊದಲೇ ಹಾಕಿದರೆ ತರಕಾರಿ ಕೆಂಪಾಗುವ ಮೊದಲು ಅದು ಸುಟ್ಟು ಕಹಿಯಾಗುತ್ತದೆ. ಬೆಳ್ಳುಳ್ಳಿಯೂ ಹಾಗೆಯೇ. ಅದನ್ನು ಜಜ್ಜಿ, ಸಾಸಿವೆ, ಉದ್ದಿನ ಬೇಳೆ, ಕರಿಬೇವಿನ ಜೊತೆ ಬೇರೆ ಒಗ್ಗರಣೆ ಕೊಡಿ. ನೀರುಳ್ಳಿ, ಬೆಳ್ಳುಳ್ಳಿ ತಿನ್ನದ ಮನೆಗಳಲ್ಲಿ ಎರಡನ್ನೂ ಬಿಟ್ಟು ಒಗ್ಗರಣೆಗೆ ಒಂದು ಚಿಟಿಕೆ ಇಂಗು ಹಾಕಿದರೆ ಸಾಕು, ಏನೂ ಕೊರತೆ ಕಾಣುವುದಿಲ್ಲ.

ಹುಳಿ ಕೊನೆಗೆ, ಅದೂ ತಟ್ಟೆಗೆ ಬಂದ ಮೇಲೆ. ಹುಳಿ ಮೊದಲೇ ಸೇರಿದರೆ ಪೆಕ್ಟಿನ್ ಸಡಿಲವಾಗುವುದು ನಿಧಾನ, ಹೋಳು ಬೇಯುವುದಿಲ್ಲ. ಹುಳಿಯಲ್ಲಿ ಮಯಾರ್ ಕ್ರಿಯೆಯೂ ನಿಧಾನ, ಬಣ್ಣ ಬರುವುದಿಲ್ಲ. ಕಬ್ಬಿಣದ ಕಾವಲಿಯ ಪಳಗಿದ ಪದರವನ್ನೂ ಅದು ಕೆಡಿಸುತ್ತದೆ. ಹುಣಸೆಗಿಂತ ಈ ಕಾಲಕ್ಕೆ ಮಾವಿನಕಾಯಿ ಚೆಂದ. ಹುಳಿ ಮಾವಿನಕಾಯಿಯನ್ನು ಸಣ್ಣಗೆ ತುರಿದು ಎರಡು ಚಮಚ ಬಿಸಿ ತರಕಾರಿಯ ಮೇಲೆ ಉದುರಿಸಿ. ಜೊತೆಗೆ ಅಷ್ಟೇ ತೆಂಗಿನಕಾಯಿ ತುರಿ.

ಓವನ್ ಇರುವವರು 210 ಡಿಗ್ರಿಗೆ ಹದಿನೈದು ನಿಮಿಷ ಮೊದಲೇ ಕಾಯಿಸಿ, ಟ್ರೇ ಕೂಡ ಒಳಗೇ ಕಾಯಲಿ. ಇಪ್ಪತ್ತರಿಂದ ಇಪ್ಪತ್ತೈದು ನಿಮಿಷ, ನಡುವೆ ಒಮ್ಮೆ ಮಗುಚಿ. ಮಗುಚಲು ಬಾಗಿಲು ತೆರೆದಾಗ ಮುಖಕ್ಕೆ ಹೊಡೆಯುವ ಆವಿ ನೋಡಿದರೆ ಒಳಗೆ ಎಷ್ಟು ನೀರು ತುಂಬಿಕೊಂಡಿತ್ತೆಂದು ತಿಳಿಯುತ್ತದೆ. ಅದು ಹೊರಗೆ ಹೋಗಲಿ. ಓವನ್ 210 ಡಿಗ್ರಿ ಇದ್ದರೂ ತೆಂಗಿನೆಣ್ಣೆ ಹೊಗೆಯಾಡುವುದು ಕಡಿಮೆ, ಯಾಕೆಂದರೆ ನೀರು ಬಿಡುತ್ತಿರುವ ತರಕಾರಿಯ ಮೈ ಅಷ್ಟು ಬಿಸಿಗೆ ಏರುವುದಿಲ್ಲ. ಏರ್ ಫ್ರೈಯರಿನ ಫ್ಯಾನ್ ಆವಿಯನ್ನು ಒಂದೇ ಸಮನೆ ಗುಡಿಸಿ ಹಾಕುವುದರಿಂದ ಬೆಂಡೆ, ತೊಂಡೆಗೆ ಅದು ತುಂಬ ಒಳ್ಳೆಯದು. ಬರೀ ಮೈಕ್ರೋವೇವ್ ಇದ್ದರೆ ಬೇಡ. ಅದು ನೀರನ್ನೇ ಬಿಸಿ ಮಾಡುತ್ತದೆ, ತರಕಾರಿ ಬೇಯುತ್ತದೆ, ಕೆಂಪಾಗುವುದಿಲ್ಲ.

ಸೌದೆ ಒಲೆ ಇನ್ನೂ ಉರಿಯುವ ಮನೆಯಾದರೆ ಇದ್ಯಾವುದೂ ಬೇಡ. ಇಡೀ ಗುಳ್ಳಕ್ಕೆ ಎಣ್ಣೆ ಸವರಿ, ಎರಡು ಕಡೆ ಕತ್ತಿಯಿಂದ ಚುಚ್ಚಿ ಕೆಂಡದಲ್ಲಿಡಿ. ಚುಚ್ಚದಿದ್ದರೆ ಒಳಗಿನ ಆವಿಗೆ ಕಾಯಿ ಒಡೆಯಬಹುದು. ಸಿಪ್ಪೆ ಕರಿಯಾಗುತ್ತದೆ, ಒಳಗಿನ ತಿರುಳು ತನ್ನದೇ ಆವಿಯಲ್ಲಿ ಬೆಂದು ಹೊಗೆಯ ಪರಿಮಳ ಹಿಡಿಯುತ್ತದೆ. ಸಿಪ್ಪೆ ತೆಗೆದು, ಹಸಿಮೆಣಸು, ಉಪ್ಪು, ಹುಣಸೆ ರಸ ಹಾಕಿ ಹಿಚುಕಿ, ಮೇಲೆ ತೆಂಗಿನೆಣ್ಣೆ ಬಿಟ್ಟರೆ ಸುಟ್ಟ ಗುಳ್ಳದ ಗೊಜ್ಜು. ಅದು ಮುದ್ದೆಯಾಗಿಯೇ ಇರಬೇಕು.

ಹುರಿದ ತರಕಾರಿ ನಮ್ಮ ಗಾಳಿಯಲ್ಲಿ ಗರಿಗರಿಯಾಗಿ ತುಂಬ ಹೊತ್ತು ಉಳಿಯುವುದಿಲ್ಲ. ಊಟಕ್ಕೆ ಕೂರುವ ಹತ್ತು ನಿಮಿಷ ಮೊದಲು ಕೊನೆಯ ಸರ್ತಿ ಕಾವಲಿಯಿಂದ ಇಳಿಯುವಂತೆ ಲೆಕ್ಕ ಹಾಕಿಕೊಳ್ಳಿ. ಉಳಿದರೆ ರಾತ್ರಿಗೆ ಮತ್ತೆ ಹುರಿಯಬೇಡಿ, ಮಸಾಲೆ ಸುಡುತ್ತದೆ. ಸಣ್ಣಗೆ ಹೆಚ್ಚಿ, ದಪ್ಪ ಮೊಸರಿಗೆ ಹಾಕಿ, ಉಪ್ಪು ನೋಡಿ, ಒಂದು ಹಸಿಮೆಣಸು ಜಜ್ಜಿ ಸೇರಿಸಿ. ಬೆಳ್ತಿಗೆ (ಬಿಳಿ ಅಕ್ಕಿ) ಅನ್ನಕ್ಕೂ ಚಪಾತಿಗೂ ಆಗುತ್ತದೆ.